ನನ್ನ ಗಮನಕ್ಕೆ ತಾರದೆ

ತಾಯಿಯ ಕನ್ನಡಕದ ಕಾಲು ಮುರಿದಿತ್ತು. ಹಾಗಾಗಿ ಲಾರಿ ಬಿಡಿಸಿಕೊಳ್ಳಲು ವಕೀಲರು ಬರೆದುಕೊಟ್ಟ ಪ್ರಮಾಣಪತ್ರವನ್ನು ಓದಿ ಹೇಳುವ ಕೆಲಸ ಮಗಳ ಪಾಲಿಗೆ ಬಂತು. ಊಟದ ಮೇಜಿನ ಮೇಲೆ ಕಾಗದ ಹರಡಿಕೊಂಡು, ಪಾಠ ಒಪ್ಪಿಸುವವಳಂತೆ ಓದುತ್ತ ಹೋದಳು. ಲಾರಿ ತಾಯಿಯ ಹೆಸರಿನಲ್ಲಿದೆ... ಸರಿ. ಪರ್ಮಿಟ್ ಇಲ್ಲದೆ ಹೊಳೆಯ ಮರಳು ಸಾಗಿಸುವಾಗ ಪೊಲೀಸರು ಹಿಡಿದರು... ಅದೂ ಸರಿ. ‘ಸದರಿ ಲಾರಿಯನ್ನು ಅದರ ಚಾಲಕನಾದ ನನ್ನ ಅಳಿಯ, ನನ್ನ ಗಮನಕ್ಕೆ ತಾರದೆ, ಸ್ವಂತ ಲಾಭಕ್ಕಾಗಿ...’ ಅಷ್ಟಕ್ಕೆ ಅವಳ ಧ್ವನಿ ನಿಂತುಹೋಯಿತು.

“ಮುಂದೆ ಓದು,” ಎಂದ ಮಗ, ಅವಳ ಅಣ್ಣ.

“ಯಾರ ಗಮನಕ್ಕೆ ತರ್ದೆ ಅಣ್ಣ? ನಮ್ಮನೆಯವರು ಬೇಡ ಬೇಡ ಅಂತಿದ್ರು. ಸಿಕ್ಕಿಬಿದ್ರೆ ನನ್ನ ಗತಿ ಏನು ಅಂತ ಇದೇ ಮೇಜಿನ ಮುಂದೆ ಕೇಳಿದ್ರು. ಒಂದೇ ಒಂದು ಸಲ ಅಂತ ನೀನು ಹೇಳ್ದೆ. ಅಮ್ಮ ತಾನೇ ಕೀ ತಂದು ಅವರ ಕೈಗೆ ಕೊಟ್ಲು. ಸುಳ್ಳಾ ಅಮ್ಮ?”

ಸುಳ್ಳಾಗಿದ್ದರೆ ತಾಯಿ ಬೈದುಬಿಡಬಹುದಿತ್ತು. ಬೇರೆಯವರ ಹತ್ತಿರ ಯಾಕೆ ದುಡೀತೀರಿ, ನಮ್ಮ ಲಾರಿ ಓಡಿಸಿಕೊಂಡು ಇಲ್ಲೇ ಇರಿ ಎಂದು ನಾಲ್ಕು ವರ್ಷದ ಹಿಂದೆ ಅಳಿಯನನ್ನು ಮನೆಗೆ ಕರೆತಂದವಳೂ ಆಕೆಯೇ. ಅವನು ಎದುರಾಡುವವನಲ್ಲ. ಬಗ್ಗಿದವನಿಗೆ ಒಂದು ಗುದ್ದು ಹೆಚ್ಚು ಎನ್ನುತ್ತಾರಲ್ಲ, ಆ ಗುದ್ದು ಈ ಮನೆಯಲ್ಲಿ ಯಾವಾಗಲೂ ಅವನ ಬೆನ್ನಿಗೇ ಬೀಳುತ್ತಿತ್ತು.

“ಸ್ಟೇರಿಂಗ್ ಹಿಡಿದಿದ್ದು ಅವನೇ ತಾನೆ? ಉಪ್ಪು ತಿಂದವನು ನೀರು ಕುಡೀಲೇಬೇಕು,” ಎಂದ ಮಗ.

“ಉಪ್ಪು ತಿಂದವನು ನೀನು ಅಣ್ಣ. ನೀರು ಕುಡೀತಿರೋದು ನನ್ನ ಗಂಡ.”

ತಾಯಿ ಮೆಲ್ಲಗೆ ಕೇಳಿದಳು, “ನಿಜ ಬರೆದ್ರೆ ಏನಾಗತ್ತೋ?”

“ಒಡತಿಗೆ ಗೊತ್ತಿತ್ತು ಅಂತಾದ್ರೆ ಲಾರಿ ಮುಟ್ಟುಗೋಲು. ನೀನೂ ಆರೋಪಿ, ನಾನೂ ಆರೋಪಿ. ಅವನ ಕೇಸಂತೂ ಆಗಲೂ ಬಿಡಲ್ಲ. ನಿಜ ಹೇಳಿ ಮೂವರೂ ಮುಳುಗೋಣ ಅಂದ್ರೆ ಹೇಳು, ಕಾಗದ ಹರಿದು ಹಾಕ್ತೀನಿ.”

ಬಿಸಿತುಪ್ಪ ನುಂಗುವಂತಿಲ್ಲ, ಉಗುಳುವಂತಿಲ್ಲ. ಠಾಣೆಯ ಹಿಂದಿನ ಬಯಲಿನಲ್ಲಿ ಲಾರಿ ನಿಂತು ಮೂರು ತಿಂಗಳಾಗಿತ್ತು. ಬ್ಯಾಟರಿ ಆಗಲೇ ಮಾಯವಾಗಿತ್ತು. ಚಕ್ರಗಳ ಸುತ್ತ ಹುಲ್ಲು ಎದ್ದಿತ್ತು. ಇಡೀ ಮನೆಯ ಅನ್ನ ಆ ಹುಲ್ಲಿನ ನಡುವೆ ತುಕ್ಕು ಹಿಡಿಯುತ್ತಿತ್ತು.

ಜಾಮೀನಿನ ಮೇಲೆ ಹೊರಬಂದಿದ್ದ ಅಳಿಯ ಹೊರಕೋಣೆಯಿಂದ ಎದ್ದು ಬಂದ. “ಸಹಿ ಹಾಕ್ಬಿಡಿ ಅತ್ತೆ. ಲಾರಿ ಬಂದ್ರೆ ನಾನೇ ಓಡಿಸ್ತೀನಿ. ಕೇಸು ಮುಗಿಯೋವರೆಗಾದ್ರೂ ಎಲ್ಲರಿಗೂ ಒಂದು ದಾರಿ ಆಗತ್ತೆ.”

ಅವನು ಒಂದು ಮಾತು ಬೈದಿದ್ದರೆ ಆಕೆಗೆ ಎಷ್ಟೋ ಹಗುರಾಗುತ್ತಿತ್ತು... ಮಗಳು ಎದ್ದು ಒಳಗೆ ಹೋದಳು. ತಾಯಿ ಸಹಿ ಹಾಕಿದಳು.

ನ್ಯಾಯಾಲಯದಲ್ಲಿ ನ್ಯಾಯಾಧೀಶರು ಕಾಗದದಿಂದ ತಲೆಯೆತ್ತಿ, “ಮರಳು ಸಾಗಿಸೋದು ನಿಮಗೆ ಗೊತ್ತಿರಲಿಲ್ಲವೇನಮ್ಮ?” ಎಂದು ಕೇಳಿದರು.

“ಇಲ್ಲ ಸ್ವಾಮಿ.”

ಕೇಸು ಮುಗಿಯುವವರೆಗೆ ಲಾರಿ ಆಕೆಯ ವಶಕ್ಕೆ ಬಂತು. ಮಾರುವಂತಿಲ್ಲ, ಬಣ್ಣ ಬದಲಿಸುವಂತಿಲ್ಲ, ಕರೆದಾಗ ತಂದು ತೋರಿಸಬೇಕು. ಕೊನೆಯ ಷರತ್ತನ್ನು ವಕೀಲರು ಹೊರಗೆ ಬಂದು ಓದಿದರು: ಆರೋಪಿ ಚಾಲಕನ ಕೈಗೆ ವಾಹನವನ್ನು ಕೊಡತಕ್ಕದ್ದಲ್ಲ.

ಅಳಿಯ ನಕ್ಕುಬಿಟ್ಟ. “ನನ್ನ ಕಾಲ ಮೇಲೆ ನಾನೇ ಕಲ್ಲು ಎಳ್ಕೊಂಡೆ, ಅಲ್ವಾ ವಕೀಲ್ರೇ?”

ಬಾಡಿಗೆ ಚಾಲಕನೊಬ್ಬ ಲಾರಿಯನ್ನು ಮನೆಗೆ ತಂದು ನಿಲ್ಲಿಸಿದ. ವಾರದೊಳಗೆ ಒಡತಿಯನ್ನು ಪಕ್ಕದಲ್ಲಿ ನಿಲ್ಲಿಸಿ ನಾಲ್ಕೂ ಕಡೆಯಿಂದ ಫೋಟೋ ತೆಗೆಸಿ ನ್ಯಾಯಾಲಯಕ್ಕೆ ಕೊಡಬೇಕಿತ್ತು. ಕಡೆಯ ದಿನ ಬೆಳಿಗ್ಗೆ ಫೋಟೋದವನು ಬಂದ. ಅದೇ ಹೊತ್ತಿಗೆ ಮಗಳು ಎರಡು ಚೀಲಗಳೊಂದಿಗೆ ಹೊರಬಂದಳು. ಬೇರೆ ಊರಿನ ಗೋದಾಮಿನಲ್ಲಿ ಅವಳ ಗಂಡನಿಗೆ ಮೂಟೆ ಹೊರುವ ಕೆಲಸ ಸಿಕ್ಕಿತ್ತು.

“ನಾಳೆ ಹೋದ್ರಾಗಲ್ವಾ?” ಎಂದಳು ತಾಯಿ.

“ಒಂಬತ್ತಕ್ಕೆ ಬಸ್ ಅಮ್ಮ.”

“ಬಸ್ ಹತ್ತಿಸೋಕಾದ್ರೂ ಬರ್ತೀನಿ ಇರು.”

“ಇವತ್ತು ಫೋಟೋ ಕೊಡದಿದ್ರೆ ಲಾರಿ ಮತ್ತೆ ಠಾಣೆಗೆ,” ಎಂದು ಮಗ ಒಳಗಿನಿಂದ ಕೂಗಿದ.

ಮಗಳ ಮುಖದಲ್ಲಿ ಸಿಟ್ಟಿರಲಿಲ್ಲ. “ನೀನು ಫೋಟೋಗೆ ಹೋಗಮ್ಮ. ಲಾರಿ ನಿನ್ನ ವಶದಲ್ಲಿದೆ, ನೋಡ್ಕೋ,” ಎಂದು ಚೀಲ ಎತ್ತಿಕೊಂಡಳು. ಅಳಿಯ, “ಬರ್ತೀನಿ ಅತ್ತೆ,” ಎಂದು ತಲೆ ತಗ್ಗಿಸಿ ಹೆಂಡತಿಯ ಹಿಂದೆ ನಡೆದ.

“ಗೇಟಿನ ಕಡೆ ನೋಡ್ಬೇಡಿ ಅಮ್ಮ,” ಎಂದ ಫೋಟೋದವನು. “ನಿಮ್ಮ ಮುಖವೂ ಕಾಣಬೇಕು, ನಂಬರೂ ಕಾಣಬೇಕು. ಅಲ್ಲಾಡ್ಬೇಡಿ.”

ಆಕೆ ಅಲ್ಲಾಡಲಿಲ್ಲ. ಬೆನ್ನ ಹಿಂದೆ ಗೇಟು ಮುಚ್ಚಿದ ಸದ್ದು ಕೇಳಿಸಿತು. ಇನ್ನೂ ಮೂರು ಕಡೆಯ ಫೋಟೋ ಬಾಕಿ ಇತ್ತು.