ಬಳಸದ ನೀರಿನ ಲೆಕ್ಕ

ಚಿತ್ರದುರ್ಗದ ಶಿವಲೀಲಾ ಅವರ ಮನೆಯ ಗೋಡೆಯಲ್ಲಿ ಉಳಿತಾಯಮಾಪಕದ ದೀಪ ಹಸಿರಾಗಿ ಉರಿಯುತ್ತಿತ್ತು. ಆ ತಿಂಗಳು ಊರಿನಲ್ಲೇ ಹೆಚ್ಚು ನೀರು ಉಳಿಸಿದ ಮನೆ ಅದು. ಅಭಿನಂದಿಸಲು ಮಾಪಕವನ್ನು ರೂಪಿಸಿದ ವಿಜ್ಞಾನಿ ಡಾ. ತಸ್ನೀಮ್ ಅವರೇ ಬಂದಿದ್ದರು.

"ಸ್ನಾನಾನೇ ಮಾಡಲ್ವೇನ್ರೀ ಲೀಲಕ್ಕ ನೀವು?" ಎದುರುಮನೆಯ ಕೊಟ್ರಮ್ಮ ಬಾಗಿಲಲ್ಲೇ ನಿಂತು ನಗಾಡಿದರು.

ಶಿವಲೀಲಾ ನಗಲಿಲ್ಲ. ಬಳಕೆ ಮಿತಿ ಮೀರಿ ಒಂದು ಮನೆಯ ದೀಪ ಕೆಂಪಾದರೂ ಇಡೀ ಬೀದಿಗೆ ನಲ್ಲಿ ನೀರು ಒಂದು ದಿನ ತಡ. ಅಂಥ ಮನೆಯವರನ್ನು ಕೊಟ್ರಮ್ಮ ಹೇಗೆ ಆಡಿಕೊಳ್ಳುತ್ತಾರೆಂದು ಅವರಿಗೆ ಗೊತ್ತಿತ್ತು.

"ಬಳಸಿದ್ದನ್ನ ಅಳೀಬಹುದು ಮೇಡಂ. ಬಳಸದೇ ಇರೋದನ್ನ ಹೇಗೆ ಅಳೀತೀರಿ?" ಎಂದು ತಸ್ನೀಮ್ ಅವರನ್ನು ಕೇಳಿದರು.

ತಸ್ನೀಮ್ ಉತ್ಸಾಹದಿಂದ ವಿವರಿಸಿದರು. ಕೊಳವೆಯ ಕಂಪನದಿಂದ ಯಾವ ನಲ್ಲಿ, ಯಾವ ಯಂತ್ರ ಎಷ್ಟು ನೀರು ಎಳೆಯಿತೆಂದು ಮಾಪಕ ಗುರುತಿಸುತ್ತದೆ. ಹಳೆಯ ವಾಷಿಂಗ್ ಮಷೀನು, ಹಳೆಯ ಫ್ಲಶ್ ಇದ್ದಿದ್ದರೆ ಮನೆಯ ಇಷ್ಟು ಜನಕ್ಕೆ ಎಷ್ಟು ಬೇಕಾಗುತ್ತಿತ್ತೆಂದು ಅಂದಾಜು ಕಟ್ಟುತ್ತದೆ. ಆ ಅಂದಾಜಿನಲ್ಲಿ ಬಳಕೆಯನ್ನು ಕಳೆದರೆ ಉಳಿತಾಯ.

"ನಿಮ್ಮ ಹೊಸ ಮಷೀನು ಭಾರಿ ಕೆಲಸ ಮಾಡಿದೆ ಅಮ್ಮಾ. ಮನೇಲಿ ಬಾಣಂತಿ, ಮಗು. ದಿನಾ ಹಂಡೆಗಟ್ಟಲೆ ಬಿಸಿನೀರು, ರಾಶಿ ಬಟ್ಟೆ. ಆದರೂ ಬಳಕೆ ಏರೇ ಇಲ್ಲ!"

ಶಿವಲೀಲಾ ಕಾಫಿ ಲೋಟವನ್ನು ಕೆಳಗಿಟ್ಟರು.

"ಬಾಣಂತಿ ಇದಾಳೆ ಅಂತ ಯಾರು ಹೇಳಿದ್ರು?"

"ಆಸ್ಪತ್ರೆ ದಾಖಲೆ. ಹೆರಿಗೆ ಆದ್ಮೇಲೆ ಇರೋ ವಿಳಾಸ ಅಂತ ನಿಮ್ಮ ಮಗಳು ಸಂಪದಾ ಈ ಮನೇದೇ ಕೊಟ್ಟಿದಾರೆ."

"ಅವಳು ಬಂದಿಲ್ಲ." ಶಿವಲೀಲಾ ಅವರ ದನಿ ಕೊಟ್ರಮ್ಮನಿಗೆ ಕೇಳಿಸದಷ್ಟು ಇಳಿಯಿತು. "ಚೊಚ್ಚಲ ಬಾಣಂತನ. ತವರಲ್ಲೇ ಆಗ್ಬೇಕಿತ್ತು. ಇಲ್ಲಿ ನೀರಿಗೆ ಕಷ್ಟ, ಗಂಡನ ಮನೇಲೇ ಇದ್ದುಬಿಡು ಅಂತ ನಾನೇ ಅಂದೆ."

ತಸ್ನೀಮ್ ಮಾಪಕದ ಲೆಕ್ಕವನ್ನು ಮತ್ತೊಮ್ಮೆ ನೋಡಿದರು.

"ಬಾಣಂತಿ ಇರೋ ಮನೆಗೆ ಮಿತಿ ಹೆಚ್ಚು ಇಟ್ಟಿದ್ವಿ ಅಮ್ಮಾ. ಬಂದಿದ್ರೂ ದೀಪ ಹಸಿರೇ ಇರ್ತಿತ್ತು. ಜನ ಸುಳ್ಳು ಬರೆಸ್ತಾರೆ ಅಂತ ಯಾರಿಗೂ ಹೇಳಿರ್ಲಿಲ್ಲ."

"ಹಾಗಾದ್ರೆ ಮಷೀನು ಉಳಿಸಿದ್ದು?"

"ಸ್ವಲ್ಪ. ಮಿಕ್ಕಿದ್ದೆಲ್ಲ ನಿಮ್ಮ ಮಗಳಿಗೆ, ಮಗೂಗೆ ಎರೀಬೇಕಾಗಿದ್ದ ನೀರು."

ಶಿವಲೀಲಾ ಒಳಕೋಣೆಗೆ ಹೋಗಿ ಮಗಳಿಗೆ ಫೋನ್ ಮಾಡಿದರು. ಎತ್ತಿದ್ದು ದಾವಣಗೆರೆಯ ಬೀಗಿತ್ತಿ.

"ಸಂಪದಾಗೆ ನೀರು ಹಾಕ್ತಿದೀನಿ ಬೀಗ್ರೆ, ಆಮೇಲೆ ಮಾಡ್ತೀರಾ? ನಮ್ಮನೆ ದೀಪ ಆಗ್ಲೇ ಕೆಂಪಾಗಿ ಕೂತಿದೆ. ಕೂತ್ಕೊಳ್ಳಲಿ ಬಿಡಿ."

ಕೈ ಒದ್ದೆಯಾಗಿತ್ತೋ ಏನೋ, ಬೀಗಿತ್ತಿ ಫೋನ್ ಕಟ್ ಮಾಡಲಿಲ್ಲ. ಚೊಂಬಿನ ಮೇಲೆ ಚೊಂಬು ನೀರು ಬೀಳುವ ಸದ್ದು ಕೇಳುತ್ತಲೇ ಇತ್ತು. ಶಿವಲೀಲಾ ಫೋನನ್ನು ಕಿವಿಯಿಂದ ತೆಗೆಯದೆ ನಿಂತರು. ಹೊರಗೆ ಕೊಟ್ರಮ್ಮ, ಲೀಲಕ್ಕನಿಗೆ ಹಾರ ಹಾಕೋಣ ಬನ್ನಿ ಎಂದು ಬೀದಿಯವರನ್ನೆಲ್ಲ ಕೂಗುತ್ತಿದ್ದರು.