ಸೀತಾಲಕ್ಷ್ಮಮ್ಮನಿಗೊಂದು ಬಾಗಿನ

ಗೌರಿ ಹಬ್ಬ ಕಳೆದ ಮೂರನೆಯ ದಿನ ಬುಧವಾರ. ಶಿವಮೊಗ್ಗದ ಗಾಂಧಿ ಬಜಾರಿನ ಹಿಂದಿನ ಗಲ್ಲಿಯಲ್ಲಿದ್ದ ಪತ್ರಿಕೆಯ ಕಚೇರಿಗೆ ಹೇಮಶ್ರೀ ಬಂದಳು. ಕೈಯಲ್ಲಿ ಜೋಡಿ ಮೊರ, ಅದರ ಮೇಲೆ ಹಸಿರು ರವಿಕೆ ಕಣ. ಒಳಗೆ ಬಳೆಗಳು ಗಲಗಲ ಎನ್ನುತ್ತಿದ್ದವು.

"ಸೀತಾಲಕ್ಷ್ಮಮ್ಮ ಇದಾರಾ? ಅವ್ರಿಗೆ ಬಾಗಿನ ಕೊಡ್ಬೇಕಿತ್ತು" ಎಂದಳು.

ಸೀತಾಲಕ್ಷ್ಮಮ್ಮ ಇದ್ದರು. ನಾಲ್ಕು ದಿನದ ಗಡ್ಡ ಬಿಟ್ಟುಕೊಂಡು ಅವಳ ಎದುರಿಗೇ ಕೂತಿದ್ದರು.

ಎಂಟು ವರ್ಷಗಳಿಂದ ಸಿನಿಮಾ, ಸೀರಿಯಲ್ಲಿನವರ ಗುಟ್ಟುಗಳನ್ನು 'ಹಿತ್ತಲ ಬಾಗಿಲು' ಅಂಕಣದಲ್ಲಿ ಬರೆಯುತ್ತಿದ್ದ ಸೀತಾಲಕ್ಷ್ಮಮ್ಮ ಎಂದರೆ ಗೋಪಾಳದಲ್ಲಿ ರೂಮು ಮಾಡಿಕೊಂಡಿದ್ದ ಮೂವತ್ತೆರಡರ ಬ್ರಹ್ಮಚಾರಿ ಜ್ಞಾನೇಶ. ಸಂಪಾದಕ ಶಂಕರನಾರಾಯಣರನ್ನು ಬಿಟ್ಟರೆ ಇದು ನರಪಿಳ್ಳೆಗೂ ಗೊತ್ತಿರಲಿಲ್ಲ. ಗಂಡಸು ಬರೆದರೆ ಚಾಡಿ ಅನ್ನುತ್ತಾರೆ, ಹೆಂಗಸಿನ ಹೆಸರಲ್ಲಿ ಬರೆದರೆ ಪಕ್ಕದ ಮನೆಯ ಮಾತಿನಂತೆ ಕೇಳುತ್ತಾರೆ ಎಂಬುದು ಸಂಪಾದಕರ ಲೆಕ್ಕಾಚಾರ. ಓದುಗರು ಆಕೆಯನ್ನು ತುಂಬಿದ ಮನೆಯ ಮುತ್ತೈದೆ ಎಂದೇ ನಂಬಿ, ದಂಪತಿ ಸಮೇತ ಬನ್ನಿ ಎಂದು ಮದುವೆಗೆ ಕರೆಯುತ್ತಿದ್ದರು. ಅಂಕಣಕ್ಕೆ ಇದ್ದದ್ದು ಒಂದೇ ಕಟ್ಟಳೆ, ಯಾರ ಹೆಸರನ್ನೂ ಹಾಕುವಂತಿಲ್ಲ. ಸುಳಿವು ಮಾತ್ರ. ಉಕ್ಕಿನೂರಿನ ಚೆಲುವೆ ಎಂದರೆ ಸಾಕು, ಅದು ಯಾರೆಂದು ಇಡೀ ಭದ್ರಾವತಿಗೆ ಗೊತ್ತಾಗುತ್ತಿತ್ತು.

ಆ ಉಕ್ಕಿನೂರಿನ ಚೆಲುವೆ ಇವಳೇ. ಸೀರಿಯಲ್ಲಿನಲ್ಲಿ ತಮ್ಮನ ಹೆಂಡತಿಯನ್ನು ಗೋಳು ಹೊಯ್ದುಕೊಳ್ಳುವ ಅತ್ತಿಗೆ.

ಅವರು ಊರಲ್ಲಿಲ್ಲ ಎಂದುಬಿಟ್ಟ ಜ್ಞಾನೇಶ.

"ಹಂಗಾದ್ರೆ ಮುಂದಿನ ಬುಧವಾರ ಬರ್ತೀನಿ. ನವರಾತ್ರಿಯೊಳಗೆ ಕೊಟ್ರೆ ಆಯ್ತು, ಆದ್ರೆ ಕೈಯಾರೆ ಕೊಡ್ಬೇಕು." ಬಾಗಿಲಿನವರೆಗೆ ಹೋದವಳು ತಿರುಗಿದಳು. "ಅವ್ರಿಂದ ನಂದೊಂದು ಮದ್ವೆ ತಪ್ತು. ಬಾಗಿನ ಅದಕ್ಕೆ. ಜೊತೆಗೆ ಒಂದು ಮಾತು ಕೇಳೋದೂ ಇದೆ."

ಅವಳು ಹೋದ ಮೇಲೆ ಅವನಿಗೆ ಕೂತಲ್ಲಿ ಕೂರಲಾಗಲಿಲ್ಲ. ಎರಡು ವರ್ಷದ ಹಿಂದೆ ಸಹಿಯಿಲ್ಲದ ಕಾಗದವೊಂದು ಬಂದಿತ್ತು, ನಾಲ್ಕೇ ಸಾಲು. ಉಕ್ಕಿನೂರಿನ ನಟಿಗೆ ನಿಶ್ಚಿತಾರ್ಥವಾಗಿದೆ, ಆದರೆ ಅವಳ ಮನಸ್ಸು ಬೇರೆ ಕಡೆ ಇದೆ ಎಂದು. ನಾಲ್ಕು ಸಾಲಿಗೆ ಅಂಕಣದ ಜಾಗ ತುಂಬುವುದಿಲ್ಲ. ನಿರ್ಮಾಪಕರೊಬ್ಬರ ಬಿಳಿ ಕಾರನ್ನು ತನ್ನ ತಲೆಯಿಂದಲೇ ತಂದು, ಗೆಸ್ಟ್ ಹೌಸಿನ ಮುಂದೆ ನಿಲ್ಲಿಸಿ, ಬೆಳಗಿನ ಜಾವ ಅದರಿಂದ ಅವಳನ್ನು ಇಳಿಸಿದ್ದ. ವಾರದೊಳಗೆ ಮದುವೆ ಮುರಿದುಬಿತ್ತು. ಹೆಸರೇನೂ ಬರೆದಿಲ್ಲವಲ್ಲ ಎಂದು ಎರಡು ವರ್ಷ ಸಮಾಧಾನ ಹೇಳಿಕೊಂಡವನಿಗೆ ಅವತ್ತು ಆ ಸಮಾಧಾನ ಒಗ್ಗಲಿಲ್ಲ.

ಮುಂದಿನ ಬುಧವಾರ ಅವಳು ಬಂದಳು. ಅದರ ಮುಂದಿನದಕ್ಕೂ ಬಂದಳು. ಸೀರಿಯಲ್ಲಿನ ಅತ್ತಿಗೆ ಜೈಲಿಗೆ ಹೋಗಿದ್ದರಿಂದ ಅವಳಿಗೆ ಒಂದು ತಿಂಗಳು ರಜೆ ಸಿಕ್ಕಿತ್ತು. ಸೀತಾಲಕ್ಷ್ಮಮ್ಮ ಒಂದು ಸಲವೂ ಊರಲ್ಲಿರುತ್ತಿರಲಿಲ್ಲ. ಬಸ್ ಸ್ಟ್ಯಾಂಡಿನವರೆಗೆ ಬಿಟ್ಟು ಬರುವ ನೆಪದಲ್ಲಿ ಜ್ಞಾನೇಶ ಜೊತೆಗೆ ನಡೆಯುತ್ತಿದ್ದ, ಹತ್ತು ನಿಮಿಷದ ದಾರಿಗೆ ಒಂದು ಗಂಟೆ ಹಿಡಿಯುತ್ತಿತ್ತು.

ಬಳೆ ಅಂಗಡಿಯಲ್ಲಿ ಒಮ್ಮೆ ಅಜ್ಜಿಯೊಬ್ಬಳು ಅವಳ ಮುಂಗೈ ಹಿಡಿದು, ಜೈಲಿನಲ್ಲಿರಬೇಕಾದವಳು ಇಲ್ಲೇನು ಮಾಡುತ್ತಿದ್ದೀ ಎಂದು ದಬಾಯಿಸಿದಳು.

"ಹಬ್ಬಕ್ಕೆ ಅಂತ ಬಿಟ್ಟಿದಾರೆ ಅಜ್ಜಿ" ಎಂದಳು ಹೇಮಶ್ರೀ, ವಿನಯವಾಗಿ.

ಹೇಳುತ್ತಲೇ ಓರೆಗಣ್ಣಿನಲ್ಲಿ ಜ್ಞಾನೇಶನ ಕಡೆ ನೋಡಿದಳು. ಹುಬ್ಬು ಒಂದಿಷ್ಟೇ ಮೇಲೇರಿತು, ತುಟಿ ಮಾತ್ರ ಅಲುಗಲಿಲ್ಲ. ಟೀವಿಯಲ್ಲಿ ಊರಿಗೆಲ್ಲ ಹೆದರಿಕೆ ಹುಟ್ಟಿಸುವ ಅದೇ ನೋಟ. ಅವನಿಗೆ ನಗು ತಡೆಯಲಾಗಲಿಲ್ಲ, ಆಮೇಲೆ ಇಡೀ ವಾರ ಆ ಹುಬ್ಬು ಮರೆಯಲಾಗಲಿಲ್ಲ. ಕೆಲಸವಿಲ್ಲದಿದ್ದರೂ ಭದ್ರಾವತಿಯ ಬಸ್ಸು ಹತ್ತುತ್ತಿದ್ದ. ಸ್ಟ್ಯಾಂಡಿನ ಎದುರು ಒಂದು ಟೀ ಕುಡಿದು, ಅವಳ ಬೀದಿಯ ಕಡೆ ಹೆಜ್ಜೆ ಎತ್ತಿಡುವ ಧೈರ್ಯ ಸಾಲದೆ, ಅದೇ ಬಸ್ಸಿನಲ್ಲಿ ವಾಪಸಾಗುತ್ತಿದ್ದ.

ಅವಳು ಸೀತಾಲಕ್ಷ್ಮಮ್ಮನ ಬಗ್ಗೆ ಕೇಳುತ್ತಲೇ ಇದ್ದಳು. ಮಕ್ಕಳೆಷ್ಟು, ಯಜಮಾನರಿಗೆ ಏನು ಕೆಲಸ ಎಂದು. ಇಬ್ಬರು ಮಕ್ಕಳು ಅಂದ. ಯಜಮಾನರು ಬ್ಯಾಂಕಿನಲ್ಲಿ ಅಂದ. ಕೇಳಿದ್ದಕ್ಕೆಲ್ಲ ಒಂದೊಂದು ಸೇರಿಸುತ್ತ ಹೋದಂತೆ, ತಾನು ಮತ್ತೆ ಕಾರು ತರುತ್ತಿದ್ದೇನೆ ಎಂದು ಅವನಿಗೇ ಭಯವಾಯಿತು. ನಿಜ ಹೇಳಿದರೆ ಇವಳು ಹೋಗುತ್ತಾಳೆ. ಹೇಳದಿದ್ದರೆ ಇವಳ ಎದುರು ನಿಲ್ಲುವುದು ಹೇಗೆ?

ಆಯುಧಪೂಜೆಯ ಹಿಂದಿನ ಬುಧವಾರ ನವುಲೆಯ ಹೋಟೆಲೊಂದರಲ್ಲಿ ಅವಳು ಮೊರವನ್ನು ಅವನ ಕಡೆ ಸರಿಸಿದಳು. ಹಬ್ಬ ಮುಗಿಯುತ್ತಲೇ ಶೂಟಿಂಗ್ ಶುರು, ಇನ್ನು ಬರಲಾಗುವುದಿಲ್ಲ ಎಂದಳು.

"ನೀವೇ ಕೊಟ್ಬಿಡಿ. ಕೇಳ್ಬೇಕಾಗಿದ್ದನ್ನೂ ನೀವೇ ಕೇಳಿ. ಆ ಬಿಳಿ ಕಾರು ಎಲ್ಲಿಂದ ಬಂತು ಅಂತ."

ಜ್ಞಾನೇಶ ಮೊರ ಮುಟ್ಟಲಿಲ್ಲ.

"ಕಾಗದ ಬರ್ದಿದ್ದು ನಾನೇ" ಎಂದಳು ಅವಳು, ದನಿ ತಗ್ಗಿಸಿ. "ಈ ಮದ್ವೆ ಬೇಡ ಅಂತ ಅಪ್ಪಂಗೆ ಹೇಳೋ ಧೈರ್ಯ ಇರ್ಲಿಲ್ಲ. ಪೇಪರಲ್ಲಿ ಬಂದ್ರೆ ಗಂಡಿನೋರೇ ಬಿಟ್ಟು ಹೋಗ್ತಾರೆ ಅಂದ್ಕೊಂಡೆ, ಹೋದ್ರು. ಆದ್ರೆ ನಾನು ಕಾರು ಬರ್ದಿರ್ಲಿಲ್ಲ ಮಾರಾಯ್ರೆ. ಅಪ್ಪ ಇವತ್ತಿಗೂ ಆ ಕಾರು ನಂಬಿದಾರೆ. ಎರಡು ವರ್ಷ ಆಯ್ತು, ನನ್ನ ಮುಖ ನೋಡಿ ಮಾತಾಡಿಲ್ಲ."

ಅವಳ ಅಪ್ಪ ಚಂದ್ರಶೇಖರಪ್ಪ ಕಾರ್ಖಾನೆಯಿಂದ ರಿಟೈರಾದವರು, ಪೇಪರಿನಲ್ಲಿ ಬಂದದ್ದು ಸುಳ್ಳಾಗಿರದು ಎಂದು ನಂಬುವವರು. ಅದನ್ನು ಅವಳೇ ಹಿಂದೊಮ್ಮೆ ಹೇಳಿದ್ದಳು.

"ಕಾರು ನಂದು" ಎಂದ ಜ್ಞಾನೇಶ. "ಸೀತಾಲಕ್ಷ್ಮಮ್ಮ ಅಂತ ಯಾರೂ ಇಲ್ಲ. ಬರ್ಯೋದು ನಾನೇ. ಮೊದಲ್ನೇ ದಿನಾನೇ ಹೇಳ್ಬೇಕಿತ್ತು. ನೀವು ಇಷ್ಟ ಆದ ಮೇಲೆ ಹೇಳೋಕೆ ಇನ್ನೂ ಹೆದರಿಕೆ ಆಯ್ತು."

ಒಂದು ತಿಂಗಳು ಅವನನ್ನು ಕೆಣಕಿದ ಕಣ್ಣುಗಳು ಟೀ ಲೋಟದಿಂದ ಮೇಲೇಳಲಿಲ್ಲ.

"ಆ ಇಬ್ರು ಮಕ್ಕಳಿಗೆ ಅಂತ ಕೊಬ್ರಿ ಮಿಠಾಯಿನೂ ಇಟ್ಟಿದ್ದೆ ಬಾಗಿನದಲ್ಲಿ" ಎಂದಳು ಕೊನೆಗೆ. ಎದ್ದು ಹೊರಟುಹೋದಳು. ಮೊರ ಟೇಬಲ್ಲಿನ ಮೇಲೇ ಉಳಿಯಿತು.

ಅಂದೇ ಸಂಜೆ ಜ್ಞಾನೇಶ ಅಂಕಣ ಬರೆದು ಶಂಕರನಾರಾಯಣರ ಮುಂದಿಟ್ಟ. ಅವರು ಎರಡು ಸಲ ಓದಿದರು. "ಇದನ್ನ ಹಾಕಿದ್ರೆ ನಿನ್ನ ಅಂಕಣ ಇಲ್ಲಿಗೆ ಮುಗೀತು ಮಾರಾಯ. ನಾಳೆಯಿಂದ ನಿಂಗೆ ಯಾರು ಸುದ್ದಿ ಕೊಡ್ತಾರೆ?" ಎಂದರು. ಮುಗಿಯಲಿ ಎಂದ ಅವನು. ತಪ್ಪು ಪತ್ರಿಕೆಯದೂ ಹೌದು ಎಂದು ಗೊಣಗುತ್ತ ಅವರು ಹಾಳೆಯನ್ನು ಅಚ್ಚಿಗೆ ಕಳಿಸಿದರು.

ಆ ಅಂಕಣದಲ್ಲಿ ಕಾಗದದ ಮಾತಿರಲಿಲ್ಲ, ಅದು ಅವಳ ಗುಟ್ಟು. ಎರಡು ವರ್ಷದ ಹಿಂದೆ ಇಲ್ಲಿ ಬಂದ ಬಿಳಿ ಕಾರು ಇರಲೇ ಇಲ್ಲ, ಜಾಗ ತುಂಬಿಸಲು ನಾನೇ ಹುಟ್ಟಿಸಿದ್ದು, ಆ ಮನೆಯವರ ಕ್ಷಮೆ ಕೇಳುತ್ತೇನೆ ಎಂದಷ್ಟೇ ಇತ್ತು. ಎಂಟು ವರ್ಷದಲ್ಲಿ ಮೊದಲ ಸಲ ಅಲ್ಲೊಂದು ಹೆಸರು ಅಚ್ಚಾಗಿತ್ತು: ಜ್ಞಾನೇಶ್, ಗೋಪಾಳ, ಶಿವಮೊಗ್ಗ.

ಬಜಾರಿನವರು ಬಿಡುತ್ತಾರೆಯೇ? ಸೀತಾಲಕ್ಷ್ಮಮ್ಮೋರೇ, ಯಾವ ಸೈಜಿನ ಬಳೆ ಕೊಡ್ಲಿ ಎಂದು ಬಳೆ ಅಂಗಡಿಯವನು ಕೂಗಿದ. ಅದೆಲ್ಲ ಅವನಿಗೆ ತಾಗಲಿಲ್ಲ, ತಾಗಿದ್ದು ಸುಮ್ಮನಿದ್ದ ಫೋನು. ಒಂದು ದಿನವಾಯಿತು, ನಾಲ್ಕಾಯಿತು. ಪುಟ್ಟ ರೂಮಿನಲ್ಲಿ ಅವನು ಶತಪಥ ತಿರುಗುವಾಗ ಟೇಬಲ್ಲು ಅಲುಗಿ, ಹೋಟೆಲಿನಿಂದ ತಂದಿಟ್ಟಿದ್ದ ಮೊರದೊಳಗಿನ ಬಳೆಗಳು ಸದ್ದು ಮಾಡುತ್ತಿದ್ದವು.

ಆರನೆಯ ದಿನ ಬೆಳಿಗ್ಗೆ ಫೋನು ಬಂತು.

"ಅಪ್ಪ ಇವತ್ತು ನನ್ನ ಹೆಸರು ಹಿಡಿದು ಕರ್ದು ಕಾಫಿ ಕೇಳಿದ್ರು" ಎಂದಳು ಹೇಮಶ್ರೀ. ದನಿ ಒದ್ದೆಯಾಗಿತ್ತು. "ಕಾಗದ ನಂದೇ ಅಂತ ನಾನೂ ಹೇಳ್ಬಿಟ್ಟೆ. ನಂಗೇ ಹೇಳಿದ್ರೆ ಆಗ್ತಿತ್ತಲ್ಲ ಮಗಾ ಅಂದ್ರು."

ಬಾಗಿನ ಎಲ್ಲಿದೆ ಎಂದು ಕೇಳಿದಳು. ಇಲ್ಲೇ ಇದೆ, ಮೊರ ತೆರೆದಿಲ್ಲ ಎಂದ.

"ಬಾಗಿನ ಗಂಡಸ್ರು ಇಟ್ಕೊಳೋ ಹಂಗಿಲ್ಲ. ವಾಪಸ್ ತಂದ್ಕೊಡಿ. ಗಡ್ಡ ತೆಗ್ದು ಬನ್ನಿ, ಅಪ್ಪ ಮನೇಲಿರ್ತಾರೆ."

ಅವನು ಉಸಿರು ಬಿಟ್ಟ. ಆಮೇಲೆ, ಆರು ದಿನದಿಂದ ನಿದ್ದೆಗೆಡಿಸಿದ್ದನ್ನು ಕೇಳಿಯೇಬಿಟ್ಟ. "ಮನಸ್ಸು ಬೇರೆ ಕಡೆ ಇದೆ ಅಂತ ಕಾಗದದಲ್ಲಿ ಬರ್ದಿದ್ರಲ್ಲ. ಯಾರ ಕಡೆ?"

"ಆಗ ಯಾರೂ ಇರ್ಲಿಲ್ಲ. ನಾನೂ ಜಾಗ ತುಂಬಿಸೋಕೆ ಸೇರಿಸಿದ್ದು. ಈಗ ಅದು ನಿಜ ಆಗಿದೆ."

"ಯಾರು?"

"ಹೆಸರು ಹೇಳೋ ಹಂಗಿಲ್ಲ ಅಲ್ವಾ, ಸೀತಾಲಕ್ಷ್ಮಮ್ಮೋರೇ? ಸುಳಿವು ಬೇಕಾದ್ರೆ ಕೊಡ್ತೀನಿ. ಗೋಪಾಳದೋರು."

ಅರ್ಧ ಗಂಟೆಯಲ್ಲಿ ಜ್ಞಾನೇಶ ಭದ್ರಾವತಿಯ ಬಸ್ಸಿನಲ್ಲಿದ್ದ. ಅವಸರದಲ್ಲಿ ಗಡ್ಡ ತೆಗೆಯುವಾಗ ಕೆನ್ನೆ ಎರಡು ಕಡೆ ಕುಯ್ದಿತ್ತು. ತೊಡೆಯ ಮೇಲಿದ್ದ ಮೊರವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಿದ್ದ. ಯಾರ ಮನೆಗೆ ಬಾಗಿನ ಎಂದು ಪಕ್ಕದ ಹೆಂಗಸು ಕೇಳಿದಳು. ಅವನು ಹೆಸರು ಹೇಳಿದ.