ಐದನೇ ತಟ್ಟೆಯ ಕಥೆ

ರೆಸ್ಟೋರೆಂಟಿನಲ್ಲಿ ನಾಳೆಯಿಂದ ಹೊಸ ಮೆನು. ಏಳು ತಟ್ಟೆ, ಏಳನ್ನೂ ಶೆಫ್ ತನ್ನ ಬದುಕಿನಿಂದಲೇ ಎತ್ತಿಕೊಂಡಿದ್ದಳು. ಟೇಬಲ್ ಪಕ್ಕ ನಿಂತು ಒಂದೊಂದರ ಕಥೆ ಹೇಳುವುದು ಬಡಿಸುವವರ ಮುಖ್ಯಸ್ಥನಾದ ಕ್ಯಾಪ್ಟನ್‌ನ ಕೆಲಸ. ಅಜ್ಜಿಯ ಸೂಪು, ಅಪ್ಪ ಹಿಡಿದು ತರುತ್ತಿದ್ದ ಮೀನು, ಹಾಸ್ಟೆಲ್ಲಿನ ಒಣ ಬ್ರೆಡ್ಡು, ಎಲ್ಲವನ್ನೂ ಆತ ಬಾಯಿಪಾಠ ಮಾಡಿದ್ದ. ಅವಳು ಬರೆದುಕೊಟ್ಟ ಹಾಳೆಯಲ್ಲಿ ಐದನೆಯದರ ಮುಂದೆ ಮಾತ್ರ ಖಾಲಿ.

ತಟ್ಟೆಯಲ್ಲಿದ್ದದ್ದು ಆಮ್ಲೆಟ್. ಒಂದು ತುತ್ತು ಬಾಯಿಗಿಟ್ಟು ಮುಖ ಕಿವಿಚಿದ.

“ಶೆಫ್, ಉಪ್ಪಿನ ಬದಲು ಸಕ್ಕರೆ ಬಿದ್ದಿದೆ.”

“ಗೊತ್ತು.” ಅವಳು ತಲೆ ಎತ್ತಲಿಲ್ಲ, ತುಟಿಯಂಚು ಮಾತ್ರ ಒಂಚೂರು ಅಲ್ಲಾಡಿತು. “ಹಾಗೇ ಇರ್ಬೇಕು.”

“ಯಾರ ಕೈರುಚಿ ಇದು?”

“ಒಬ್ರದ್ದು. ನಾನು ತಿಂದು ಮುಗಿಸೋವರೆಗೂ ಎದುರಿಗೇ ನಿಂತಿದ್ರು.”

ಕ್ಯಾಪ್ಟನ್‌ಗೆ ಹೊಟ್ಟೆಯೊಳಗೆ ಕಿಚ್ಚು ಹತ್ತಿತು. ನಾಲ್ಕು ವರ್ಷದಿಂದ ಅವಳನ್ನು ಮನಸ್ಸಿನಲ್ಲೇ ಇಟ್ಟುಕೊಂಡು ತಿರುಗುತ್ತಿದ್ದವನು ಆತ. ಈಗ ಯಾವನೋ ಸಕ್ಕರೆ ಆಮ್ಲೆಟ್ಟಿನವನು ಅಡ್ಡ ಬಂದಿದ್ದಾನೆ; ಅವನ ಗುಣಗಾನವನ್ನು ದಿನಾ ಟೈ ಕಟ್ಟಿಕೊಂಡು ತಾನೇ ಮಾಡಬೇಕು. ಇದಕ್ಕಿಂತ ಪಾತ್ರೆ ತೊಳೆಯುವುದೇ ವಾಸಿ.

“ಇದನ್ನ ಬೇರೆಯವರ ಕೈಲಿ ಹೇಳ್ಸಿ. ನನ್ನಿಂದಾಗಲ್ಲ.”

“ನಿಮ್ಮನ್ನ ಬಿಟ್ರೆ ಯಾರಿಗೂ ಬರಲ್ಲ.”

ಅವನಿಗೆ ತಲೆಬುಡ ಅರ್ಥವಾಗಲಿಲ್ಲ. ಅವಳು ಕಪಾಟಿನಿಂದ ಒಂದೇ ತರಹದ ಎರಡು ಡಬ್ಬ ಇಳಿಸಿ ಅವನ ಮುಂದಿಟ್ಟಳು.

“ನಾನು ಕೆಲಸಕ್ಕೆ ಸೇರಿದ ದಿನ. ಸಾಸ್ ಕೆಡಿಸಿ, ಎಲ್ಲರೆದುರು ಬೈಸ್ಕೊಂಡು, ಸ್ಟೋರ್ ರೂಮಲ್ಲಿ ಅಳ್ತಾ ಕೂತಿದ್ದೆ. ಸ್ಟಾಫ್ ಊಟ ಮುಗಿದೋಗಿತ್ತು. ಆಗ ಈ ಡಬ್ಬಗಳಿಗೆ ಚೀಟಿ ಇರ್ಲಿಲ್ಲ.”

ಉಪ್ಪು, ಸಕ್ಕರೆ. ಎರಡೂ ಚೀಟಿ ಅವಳದೇ ಅಕ್ಷರ. ಸೇರಿದ ಮರುದಿನವೇ ಅವಳು ಅಂಟಿಸಿದ್ದು ಅವನಿಗೆ ನೆನಪಿತ್ತು, ಯಾಕೆಂದು ಕೇಳಿರಲಿಲ್ಲ. ಹಿಂದಿನ ದಿನ ಅವಳಿಗೆಂದು ಮೊಟ್ಟೆ ಒಡೆದವನು ತಾನೇ, ಅದೂ ಈಗ ನೆನಪಾಯಿತು.

“ಅಯ್ಯೋ, ಒಂದ್ಮಾತು ಹೇಳ್ಬಾರ್ದಿತ್ತಾ?”

“ಹೇಳಿದ್ರೆ ತಟ್ಟೆ ಎತ್ಕೊಂಡು ಹೋಗ್ಬಿಡ್ತಿದ್ರಿ. ನೀವು ಹೋಗೋದು ನನಗೆ ಬೇಕಿರ್ಲಿಲ್ಲ.”

ಅವನ ಕಿವಿ ಬಿಸಿಯಾಯಿತು. ಸಂತೋಷಪಡಬೇಕೋ ನಾಚಿಕೊಳ್ಳಬೇಕೋ ತಿಳಿಯದೆ ಟೈ ಸರಿಮಾಡಿಕೊಂಡ.

“ನಾಳೆ ಅತಿಥಿಗಳಿಗೆ ಏನಂತ ಹೇಳ್ಲಿ?”

“ಮೊದ್ಲು ನನಗೆ ಹೇಳಿ.”

“ಆ ದಿನದಿಂದ್ಲೂ ನನಗೆ ನೀವಂದ್ರೆ ಇಷ್ಟ,” ಎಂದ. “ಬೇರೆ ಕಥೆ ಇಲ್ಲ.”

ಅವಳು ಕುರ್ಚಿ ಎಳೆದುಕೊಟ್ಟಳು. ಆತ ಕೂತು ಆ ಸಿಹಿ ಆಮ್ಲೆಟ್ಟನ್ನು ಒಂದು ಚೂರೂ ಬಿಡದೆ ತಿಂದ. ಮುಗಿಯುವವರೆಗೂ ಅವಳು ಎದುರಿಗೇ ನಿಂತಿದ್ದಳು.